ಮಿಡ್ ವೇರಿಯಂಟ್ ಕಾರಿಗೆ ಕ್ರೂಸ್ ಕಂಟ್ರೋಲ್: ಆನ್ ಮಾಡುವುದು ಸುಲಭ, ಆಫ್ ಆಗುವುದು ಹೇಗೆ?

ಮನೆಗೆ ಕಾರು ತರುವಾಗ ಕೊನೆಯ ಚರ್ಚೆ ನಡೆಯುವುದು ವೇರಿಯಂಟ್ ಬಗ್ಗೆ. ಬೇಸ್ ಮಾಡೆಲ್ ಸಾಕಾ, ಮಿಡ್ ತಗೊಳ್ಳೋಣವಾ, ಟಾಪ್ ಎಂಡ್‌ಗೆ ಇನ್ನೂ ಅಷ್ಟು ದುಡ್ಡು ಎಲ್ಲಿಂದ ಹೊಂದಿಸೋದು? ಬಹಳ ಮನೆಗಳಲ್ಲಿ ಮಾತು ಮಿಡ್‌ಗೆ ಬಂದು ನಿಲ್ಲುತ್ತದೆ. ಹಾಗೆ ನಿಂತಾಗ ಕೈತಪ್ಪುವ ಸೌಲಭ್ಯಗಳಲ್ಲಿ, ಪೆಡಲ್ ಮೇಲೆ ಕಾಲಿಡದಿದ್ದರೂ ಕಾರನ್ನು ನಾವು ಗೊತ್ತುಮಾಡಿದ ವೇಗದಲ್ಲೇ ಓಡಿಸುವ ಕ್ರೂಸ್ ಕಂಟ್ರೋಲ್ ಒಂದು. 2021ರ ಫೆಬ್ರವರಿಯಲ್ಲಿ ಮಾರುತಿ ಸ್ವಿಫ್ಟ್‌ಗೆ ಕ್ರೂಸ್ ಕಂಟ್ರೋಲ್ ಬಂತು. ಆದರೆ ಎಲ್ಲಕ್ಕಿಂತ ಮೇಲಿನ ಜೆಡ್‌ಎಕ್ಸ್‌ಐ ಪ್ಲಸ್‌ಗೆ ಮಾತ್ರ. ಉಳಿದ ವೇರಿಯಂಟ್‌ಗಳಿಗೂ ಎಂಜಿನ್ ಅದೇ, ಪೆಡಲ್ ಅದೇ, ಹೋಗುವ ರಸ್ತೆಯೂ ಅದೇ. ಬಟನ್ ಮಾತ್ರ ಇಲ್ಲ.

ಇಲ್ಲಿಂದಲೇ ಆಸೆ ಶುರುವಾಗುತ್ತದೆ. ಬೆಂಗಳೂರಿನಿಂದ ಹುಬ್ಬಳ್ಳಿಗೆ 400 ಕಿಲೋಮೀಟರ್‌ಗೂ ಜಾಸ್ತಿ ದೂರ. ದಾರಿ ನೇರ. ಚಿತ್ರದುರ್ಗ ದಾಟುವಷ್ಟರಲ್ಲಿ ಬಲಗಾಲಿನ ಮೀನಖಂಡ ಹಿಡಿದುಕೊಂಡಿರುತ್ತದೆ. ಪಕ್ಕದ ಮನೆಯವರ ಕಾರಿನಲ್ಲಿ ಆ ಬಟನ್ ಇದೆ, ನಮ್ಮದರಲ್ಲಿಲ್ಲ. ಆಗ ಯಾರೋ ಹೇಳುತ್ತಾರೆ, "ಅದೇನ್ ದೊಡ್ಡ ವಿಷಯ ಸಾರ್, ಸ್ಟೀರಿಂಗ್ ಸ್ವಿಚ್ ಹಾಕ್ಸಿ, ಲ್ಯಾಪ್‌ಟಾಪ್ ಕನೆಕ್ಟ್ ಮಾಡಿ ಆಕ್ಟಿವೇಟ್ ಮಾಡಿಸಿದ್ರೆ ಮುಗೀತು."

ಈ ಮಾತು ಪೂರ್ತಿ ಸುಳ್ಳಲ್ಲ. ಕೆಲವು ಕಾರುಗಳಲ್ಲಿ ಅಕ್ಷರಶಃ ನಿಜ. ಆದರೆ ಗ್ಯಾರೇಜಿನಲ್ಲಿ ನಡೆಯುವ ಮಾತೆಲ್ಲ ಕ್ರೂಸ್ ಕಂಟ್ರೋಲ್ ಆನ್ ಆಗುವುದರ ಬಗ್ಗೆಯೇ ಇರುತ್ತದೆ. ಅದು ಯಾವ ಯಾವ ದಾರಿಯಿಂದ ಆಫ್ ಆಗುತ್ತದೆ ಎಂದು ಕೇಳುವವರು ಕಡಿಮೆ. ನನ್ನ ಪ್ರಕಾರ ಹಾಕಿಸಬೇಕೋ ಬೇಡವೋ ಎನ್ನುವುದು ಈ ಎರಡನೇ ಪ್ರಶ್ನೆಯ ಮೇಲೆಯೇ ನಿಂತಿದೆ.

ಕ್ರೂಸ್ ಕಂಟ್ರೋಲ್ ಹೊಸದೇನಲ್ಲ. ಅಮೆರಿಕದ ಇಂಡಿಯಾನಾ ರಾಜ್ಯದ ರಾಲ್ಫ್ ಟೀಟರ್ ಎಂಬ ಎಂಜಿನಿಯರ್ ಇದಕ್ಕೆ 1950ರಲ್ಲಿ ಪೇಟೆಂಟ್ ಪಡೆದರು. ಐದನೇ ವಯಸ್ಸಿನಲ್ಲೇ ಕಣ್ಣು ಕಳೆದುಕೊಂಡಿದ್ದ ಮನುಷ್ಯ ಅವರು. ಪಕ್ಕದಲ್ಲಿ ಕೂತಾಗ ಕಾರು ಒಮ್ಮೆ ಜೋರು, ಒಮ್ಮೆ ನಿಧಾನ ಆಗುವುದು ಅವರಿಗೆ ನಮಗಿಂತ ಚೆನ್ನಾಗಿ ಗೊತ್ತಾಗುತ್ತಿತ್ತು. 1958ರಲ್ಲಿ ಕ್ರೈಸ್ಲರ್ ಕಂಪನಿ ತನ್ನ ಇಂಪೀರಿಯಲ್ ಕಾರಿನಲ್ಲಿ ಅದನ್ನು ಅಳವಡಿಸಿತು. 1973ರ ತೈಲ ಬಿಕ್ಕಟ್ಟಿನ ನಂತರ ಅಮೆರಿಕ ಹೆದ್ದಾರಿ ವೇಗವನ್ನು ಗಂಟೆಗೆ 55 ಮೈಲಿಗೆ ಇಳಿಸಿತು. ಆಗ ಒಂದೇ ವೇಗದಲ್ಲಿ ಹೋಗಬೇಕಾದವರಿಗೆಲ್ಲ ಇದು ಬೇಕಾಯಿತು.

ಆ ಕಾಲದಲ್ಲಿ ಇಲ್ಲದ ಕಾರಿಗೆ ಇದನ್ನು ಕೂರಿಸುವುದು ದೊಡ್ಡ ಕೆಲಸ. ಆಕ್ಸಿಲರೇಟರ್ ಪೆಡಲ್‌ನಿಂದ ಎಂಜಿನ್‌ಗೆ ಒಂದು ಕೇಬಲ್ ಹೋಗುತ್ತಿತ್ತು. ಅದನ್ನು ಎಳೆಯಲು ಎಂಜಿನ್‌ನ ವ್ಯಾಕ್ಯೂಮ್‌ನಿಂದ ನಡೆಯುವ ಇನ್ನೊಂದು ಯಂತ್ರ, ಅದಕ್ಕೊಂದು ಬ್ರಾಕೆಟ್, ವೇಗ ಅಳೆಯಲು ಬೇರೆ ಸೆನ್ಸರ್, ಎಲ್ಲವನ್ನೂ ಹೊಸದಾಗಿ ಜೋಡಿಸಬೇಕಿತ್ತು.

ಈಗಿನ ಕಾರಿನಲ್ಲಿ ಆ ಕೇಬಲ್ಲೇ ಇಲ್ಲ. ನಾವು ಪೆಡಲ್ ಒತ್ತಿದಾಗ ಅಲ್ಲಿರುವ ಸೆನ್ಸರ್ ಎಂಜಿನ್ ಕಂಪ್ಯೂಟರಿಗೆ, ಅಂದರೆ ಇಸಿಯುಗೆ, ಎಷ್ಟು ಒತ್ತಿದ್ದೇವೆ ಎಂದು ತಿಳಿಸುತ್ತದೆ. ಪೆಟ್ರೋಲ್ ಕಾರಾದರೆ ಥ್ರಾಟಲ್, ಅಂದರೆ ಎಂಜಿನ್‌ಗೆ ಗಾಳಿ ಬಿಡುವ ಕವಾಟ, ತೆರೆಯುವುದು ಇಸಿಯು ಅಪ್ಪಣೆಯಂತೆ ತಿರುಗುವ ಒಂದು ಸಣ್ಣ ಮೋಟಾರ್. ಡೀಸೆಲ್ ಆದರೆ ಎಷ್ಟು ಇಂಧನ ಸಿಂಪಡಿಸಬೇಕು ಎಂದು ಇಸಿಯು ತೀರ್ಮಾನಿಸುತ್ತದೆ. ಕಾರಿನ ವೇಗವೂ ಇಸಿಯುಗೆ ಗೊತ್ತಿರುತ್ತದೆ. 2019ರ ಏಪ್ರಿಲ್‌ನಿಂದ ನಮ್ಮಲ್ಲಿ ಹೊಸ ಕಾರುಗಳಿಗೆಲ್ಲ ಎಬಿಎಸ್, ಅಂದರೆ ಬ್ರೇಕ್ ಹಾಕಿದಾಗ ಚಕ್ರ ಪೂರ್ತಿ ಹಿಡಿದು ಜಾರದಂತೆ ನೋಡಿಕೊಳ್ಳುವ ವ್ಯವಸ್ಥೆ, ಕಡ್ಡಾಯ. ಹಾಗಾಗಿ ಪ್ರತಿ ಚಕ್ರದ ವೇಗವೂ ಪ್ರತಿ ಕ್ಷಣ ಅಳತೆಯಾಗುತ್ತಲೇ ಇರುತ್ತದೆ.

ಅಂದಮೇಲೆ ಕ್ರೂಸ್ ಕಂಟ್ರೋಲ್‌ಗೆ ಉಳಿದದ್ದು ಲೆಕ್ಕ ಮಾತ್ರ. ಬೇಕಾದ ವೇಗ 90, ಈಗಿನ ವೇಗ 87, ಮೂರು ಕಡಿಮೆ, ಸ್ವಲ್ಪ ಜಾಸ್ತಿ ಇಂಧನ ಕೊಡು. ಏರು ಬಂದು ಕೊರತೆ ಹಾಗೇ ಉಳಿದರೆ ಇನ್ನೂ ಸ್ವಲ್ಪ ಕೊಡು. 92 ಆಯಿತಾ, ಕಡಿಮೆ ಮಾಡು. ಈ ಲೆಕ್ಕ ಮಾಡುವ ಪ್ರೋಗ್ರಾಂ ಎಷ್ಟೋ ಕಾರುಗಳ ಇಸಿಯುನಲ್ಲಿ ಮೊದಲೇ ಇರುತ್ತದೆ. ಒಂದೇ ಎಂಜಿನ್‌ಗೆ ವೇರಿಯಂಟ್‌ಗೊಂದು ಸಾಫ್ಟ್‌ವೇರ್ ಬರೆದು, ಪರೀಕ್ಷಿಸಿ, ದಾಸ್ತಾನು ಇಡುವುದಕ್ಕಿಂತ ಎಲ್ಲದಕ್ಕೂ ಒಂದೇ ಹಾಕಿ, ಬೇಡದ ಕಡೆ ಮಲಗಿಸಿಡುವುದು ಕಂಪನಿಗೆ ಅಗ್ಗ. ಎಲ್ಲ ಕಾರಿನಲ್ಲೂ ಹೀಗೇ ಎಂದು ಮಾತ್ರ ತಿಳಿಯಬೇಡಿ. ಕೆಲವು ಕಂಪನಿಗಳು ಕೆಳಗಿನ ವೇರಿಯಂಟ್‌ಗೆ ಬೇರೆ ಇಸಿಯು ಅಥವಾ ಬೇರೆ ಸಾಫ್ಟ್‌ವೇರನ್ನೇ ಹಾಕುತ್ತವೆ. ಅಲ್ಲಿ ಎಬ್ಬಿಸಲು ಏನೂ ಇರುವುದಿಲ್ಲ.

ಮಲಗಿದ್ದನ್ನು ಎಬ್ಬಿಸುವ ಕೆಲಸ ಅತ್ಯಂತ ಚೆನ್ನಾಗಿ ದಾಖಲಾಗಿರುವುದು ಫೋಕ್ಸ್‌ವ್ಯಾಗನ್ ಗುಂಪಿನ ಕಾರುಗಳಲ್ಲಿ. ಸ್ಕೋಡಾ ಆಕ್ಟೇವಿಯಾ ತಗೊಳ್ಳಿ. ನಮ್ಮಲ್ಲೂ 2000ದ ದಶಕದಲ್ಲಿ ಡೀಸೆಲ್ ಪ್ರಿಯರ ನೆಚ್ಚಿನ ಕಾರು ಅದು. ಫೋಕ್ಸ್‌ವ್ಯಾಗನ್‌ನ ಗಾಲ್ಫ್ ಕಾರಿನ ನಾಲ್ಕನೇ ತಲೆಮಾರಿನ ಮೇಲೆ ಕಟ್ಟಿದ ಮೊದಲ ಆಕ್ಟೇವಿಯಾದ 1.9 ಟಿಡಿಐ ಡೀಸೆಲ್ ಎಂಜಿನ್‌ಗೆ ಆಗಲೇ ಎಲೆಕ್ಟ್ರಾನಿಕ್ ಪೆಡಲ್ ಇತ್ತು. ಇಂಡಿಕೇಟರ್ ಕಡ್ಡಿಯನ್ನು ಬಿಚ್ಚಿ, ಕ್ರೂಸ್ ಸ್ವಿಚ್ ಇರುವ ಕಡ್ಡಿ ಹಾಕಿ, ಅಲ್ಲಿಂದ ಇಸಿಯು ತನಕ ಕೆಲವೇ ವೈರ್ ಎಳೆದು, ವಿಸಿಡಿಎಸ್ ಎಂಬ ಡಯಾಗ್ನೋಸ್ಟಿಕ್ ಸಾಫ್ಟ್‌ವೇರ್‌ನಲ್ಲಿ 11463 ಎಂಬ ಲಾಗಿನ್ ಸಂಖ್ಯೆ ಕೊಟ್ಟರೆ ಕ್ರೂಸ್ ಎಚ್ಚರ. 16167 ಕೊಟ್ಟರೆ ಮತ್ತೆ ನಿದ್ದೆ. ಯುರೋಪಿನ ಹವ್ಯಾಸಿಗಳಿಗೆ ಈ ಎರಡು ಸಂಖ್ಯೆ ಮನೆಯ ಫೋನ್ ನಂಬರಿನಷ್ಟೇ ಬಾಯಿಪಾಠ. ಮುಂದಿನ ತಲೆಮಾರಿನಲ್ಲಿ ವೈರಿನ ಕೆಲಸ ಇನ್ನೂ ಕಡಿಮೆಯಾಯಿತು. ಕಡ್ಡಿಯ ಸಂದೇಶ ಸ್ಟೀರಿಂಗ್ ಕೆಳಗಿನ ಮಾಡ್ಯೂಲ್ ಎಂಬ ಸಣ್ಣ ಕಂಪ್ಯೂಟರಿಗೆ ಹೋಗಿ, ಅಲ್ಲಿಂದ ಕಾರಿನೊಳಗಿನ ಡೇಟಾ ಲೈನ್ ಮೂಲಕ ಇಸಿಯು ತಲುಪುತ್ತದೆ. ಆ ಮಾಡ್ಯೂಲ್‌ಗೆ ಕ್ರೂಸ್ ಕಡ್ಡಿ ಇದೆ ಎಂದು ಕೋಡಿಂಗ್ ಮಾಡಬೇಕು. ಅಗ್ಗದ ನಮೂನೆಯ ಮಾಡ್ಯೂಲ್ ಇದ್ದರೆ ಅದನ್ನೇ ಬದಲಿಸಬೇಕು.

ಫೋರ್ಡ್ ಕಾರುಗಳಿಗೆ ಫೋರ್‌ಸ್ಕ್ಯಾನ್ ಎಂಬ ಸಾಫ್ಟ್‌ವೇರ್ ಇಂಥದೇ ಕೆಲಸ ಮಾಡುತ್ತದೆ. 2021ರಲ್ಲಿ ಫೋರ್ಡ್ ಇಲ್ಲಿ ಕಾರು ತಯಾರಿಕೆ ನಿಲ್ಲಿಸುವುದಾಗಿ ಹೇಳಿದ ಮೇಲೆ ಅದರ ಮಾಲೀಕರಿಗೆ ಇಂಥ ಸಾಧನಗಳ ಮೇಲೆ ಅಕ್ಕರೆ ಜಾಸ್ತಿಯೇ ಆಗಿರಬೇಕು.

ಆದರೆ ಆಕ್ಟೇವಿಯಾದ ಕಥೆಯಲ್ಲಿ ಎಲ್ಲರೂ ದಾಟಿಕೊಂಡು ಹೋಗುವ ಒಂದು ವಿವರ ಇದೆ. ಕೇವಲ ಕಡ್ಡಿ ಮತ್ತು ಕೋಡ್‌ನಿಂದ ಅಲ್ಲಿ ಕೆಲಸ ಮುಗಿಯುತ್ತದೆ, ಯಾಕೆ? ಆ ಕಾರಿನ ಬ್ರೇಕ್ ಪೆಡಲ್ ಹಿಂದೆ ನಾಲ್ಕು ಪಿನ್‌ನ ಸ್ವಿಚ್ ಇದೆ. ಅದರೊಳಗೆ ಎರಡು ಪ್ರತ್ಯೇಕ ಸಂಪರ್ಕಗಳು. ಒಂದು ಬ್ರೇಕ್ ಲೈಟ್ ಉರಿಸಲು, ಇನ್ನೊಂದು ಇಸಿಯುಗೆ ಬೇರೆಯಾಗಿ ತಿಳಿಸಲು. ಎರಡೂ ಒಂದೇ ಮಾತು ಹೇಳದಿದ್ದರೆ ಇಸಿಯು ಕ್ರೂಸನ್ನು ಒಪ್ಪುವುದೇ ಇಲ್ಲ. ಕ್ಲಚ್ ಪೆಡಲ್‌ಗೂ ಒಂದು ಸ್ವಿಚ್ ಇದೆ. ಅದೂ ಫ್ಯಾಕ್ಟರಿಯಲ್ಲೇ ಹಾಕಿದ್ದು. ಅಂದರೆ ಕ್ರೂಸ್ ಕಡಿದುಹೋಗುವ ದಾರಿಗಳನ್ನೆಲ್ಲ ಕಂಪನಿ ಮೊದಲೇ ಮಾಡಿಟ್ಟಿತ್ತು. ಮಾಲೀಕರು ಸೇರಿಸಿದ್ದು ಆನ್ ಆಗುವ ದಾರಿಯನ್ನು ಮಾತ್ರ.

ಹಾಗಾದರೆ ಕ್ಲಚ್ ಸ್ವಿಚ್ ಇಲ್ಲದ ಕಾರಿನಲ್ಲಿ ಏನಾಗುತ್ತದೆ ನೋಡಿ. ಕ್ರೂಸ್ 80ಕ್ಕೆ ಇಟ್ಟು ಹೋಗುತ್ತಿದ್ದೀರಿ. ಮುಂದೆ ಸಣ್ಣ ಏರು. ಗೇರ್ ಇಳಿಸೋಣ ಅಂತ ಕ್ಲಚ್ ಒತ್ತುತ್ತೀರಿ. ಚಕ್ರಕ್ಕೂ ಎಂಜಿನ್‌ಗೂ ಸಂಬಂಧ ತಪ್ಪಿತು. ಕಾರಿನ ವೇಗ ಇಳಿಯತೊಡಗಿತು. ಕ್ರೂಸ್‌ಗೆ ನೀವು ಕ್ಲಚ್ ಒತ್ತಿದ್ದು ಗೊತ್ತಿಲ್ಲ. ವೇಗ ಕಡಿಮೆಯಾಯಿತು, ಇನ್ನೂ ಇಂಧನ ಕೊಡು ಎನ್ನುತ್ತದೆ. ಭಾರವಿಲ್ಲದ ಎಂಜಿನ್ ಒಂದೇ ಕ್ಷಣದಲ್ಲಿ ಮೀಟರಿನ ಕೆಂಪು ಗೆರೆಯ ಕಡೆ, ಅಂದರೆ ತಾನು ತಡೆಯಬಲ್ಲ ಗರಿಷ್ಠ ತಿರುಗುವಿಕೆಯ ಕಡೆ, ಓಡುತ್ತದೆ. ಗಾಬರಿಯಾಗಿ ಕ್ಲಚ್ ಬಿಟ್ಟರೆ ಗಾಡಿ ಮುಂದಕ್ಕೆ ಜಿಗಿಯುತ್ತದೆ. ಮುಂದೆ ಲಾರಿ ಇದ್ದರೆ?

ಕಂಪನಿಯ ಕ್ರೂಸ್ ಸಾಫ್ಟ್‌ವೇರ್ ಎಂಜಿನ್ ವೇಗ ಏಕಾಏಕಿ ಏರಿದ್ದನ್ನು ನೋಡಿ ತಾನೇ ಕೈಬಿಡುವಂತೆ ಬರೆದಿರಬಹುದು. ಅದನ್ನೇ ನಂಬಿ ಕೂರುವಂತಿಲ್ಲ. ಅದು ಎರಡನೇ ರಕ್ಷಣೆ. ಮೊದಲನೆಯದು ಪೆಡಲ್ ಸ್ವಿಚ್ಚೇ. ಕೆಳಗಿನ ವೇರಿಯಂಟ್‌ಗಳಲ್ಲಿ ಹಣ ಉಳಿಸಲು ಬಿಟ್ಟುಬಿಡುವ ಸಣ್ಣಪುಟ್ಟ ಸಾಮಾನುಗಳಲ್ಲಿ ಈ ಸ್ವಿಚ್ ಕೂಡ ಇರಬಹುದು. ಮೇಲಿಂದ ನೋಡಿದರೆ ಗೊತ್ತಾಗುವುದಿಲ್ಲ. ಬಗ್ಗಿ, ಟಾರ್ಚ್ ಹಾಕಿ, ಪೆಡಲ್ ಬುಡದಲ್ಲಿ ನೋಡಬೇಕು.

ಆಫ್ ಆಗುವ ದಾರಿ ಎಷ್ಟು ಗಂಭೀರ ಎಂಬುದಕ್ಕೆ ಫೋರ್ಡ್‌ನದೇ ಒಂದು ದೊಡ್ಡ ಪಾಠ ಇದೆ. ಅಮೆರಿಕದಲ್ಲಿ ಅದರ ಕಾರು, ಟ್ರಕ್‌ಗಳಲ್ಲಿ ಬ್ರೇಕ್ ಒತ್ತಿದಾಗ ಕ್ರೂಸ್ ಕಡಿಯಲೆಂದು ಒಂದು ಪ್ರೆಷರ್ ಸ್ವಿಚ್ ಇತ್ತು. ಒಂದು ಕಡೆ ಬ್ರೇಕ್ ಆಯಿಲ್, ಇನ್ನೊಂದು ಕಡೆ ಕರೆಂಟ್. ನಡುವಿನ ತೆಳು ಪದರ ಸವೆದು ಆಯಿಲ್ ಒಳಗೆ ಇಳಿದರೆ ಬೆಂಕಿ. ಕೆಲವು ವಾಹನಗಳು ನಿಲ್ಲಿಸಿದ ಜಾಗದಲ್ಲೇ ಹೊತ್ತಿಕೊಂಡವು, ಯಾಕೆಂದರೆ ಆ ಸ್ವಿಚ್‌ಗೆ ಸದಾ ಕರೆಂಟ್ ಇರುತ್ತಿತ್ತು. 1999ರಿಂದ 2009ರ ತನಕ ಕಂತು ಕಂತಾಗಿ ವಾಪಸ್ ಕರೆಸಿದ ವಾಹನಗಳ ಸಂಖ್ಯೆ 1.4 ಕೋಟಿ ದಾಟಿತು. ಪರೀಕ್ಷಾ ಟ್ರ್ಯಾಕ್, ಪ್ರಯೋಗಾಲಯ ಎಲ್ಲ ಇರುವ ಕಂಪನಿಯೇ ಒಂದು ಸ್ವಿಚ್‌ನಲ್ಲಿ ಎಡವಿತು. ಅರ್ಧ ದಿನದಲ್ಲಿ ವೈರ್ ಸುತ್ತಿ ಇನ್ಸುಲೇಷನ್ ಟೇಪ್ ಹಚ್ಚುವವರಿಗೆ ಎಷ್ಟು ಪ್ರಶ್ನೆ ಕೇಳಿದರೂ ಕಡಿಮೆಯೇ.

ಇಸಿಯುನಲ್ಲಿ ಕ್ರೂಸ್ ಪ್ರೋಗ್ರಾಂ ಇಲ್ಲದ ಕಾರುಗಳಿಗೆ ಇನ್ನೊಂದು ದಾರಿ ಇದೆ. ಹೊರಗಿನ ಕಂಪನಿಗಳ ಡಬ್ಬಿ ಕಿಟ್. ಆಕ್ಸಿಲರೇಟರ್ ಪೆಡಲ್‌ನ ಪ್ಲಗ್ ಕಿತ್ತು, ನಡುವೆ ಈ ಡಬ್ಬಿ ಸೇರಿಸುತ್ತಾರೆ. ನೀವು ಪೆಡಲ್ ಒತ್ತದಿದ್ದರೂ ಒತ್ತಿದ್ದಾರೆ ಎಂದು ಅದು ಇಸಿಯುಗೆ ಸುಳ್ಳು ಹೇಳುತ್ತದೆ. ವೇಗದ ಮಾಹಿತಿ ಡೇಟಾ ಲೈನ್‌ನಿಂದ, ಬ್ರೇಕ್ ಮಾಹಿತಿ ಬ್ರೇಕ್ ಲೈಟಿನ ವೈರಿನಿಂದ. ಒಳ್ಳೆಯ ಹೆಸರಿನ ಕಿಟ್‌ಗಳು ವಿದೇಶಗಳಲ್ಲಿ ದಶಕಗಳಿಂದ ಇವೆ, ನಿಜ. ಅಮೆರಿಕದ ರೋಸ್ಟ್ರಾ ಅಂಥ ಒಂದು ಹೆಸರು. ಆದರೂ ನನಗೆ ಈ ದಾರಿ ಒಗ್ಗುವುದಿಲ್ಲ. ಫ್ಯಾಕ್ಟರಿ ಕ್ರೂಸ್‌ನಲ್ಲಿ ಇಸಿಯುಗೆ ಎಲ್ಲವೂ ಗೊತ್ತಿರುತ್ತದೆ. ಚಕ್ರ ಜಾರಿ, ಕಾರು ಹತೋಟಿ ತಪ್ಪದಂತೆ ಕಾಯುವ ಸ್ಥಿರತಾ ವ್ಯವಸ್ಥೆ ಮಧ್ಯೆ ಬಂದರೆ ಕ್ರೂಸ್ ತಾನಾಗಿ ಕೈಬಿಡುತ್ತದೆ. ಡಬ್ಬಿ ಇದ್ದಾಗ ಇಸಿಯುಗೆ ಕಾಣುವುದು ಚಾಲಕ ಪೆಡಲ್ ಒತ್ತಿಕೊಂಡೇ ಇದ್ದಾನೆ ಎಂಬುದು ಮಾತ್ರ. ಈಗಿನ ಬಹಳಷ್ಟು ಕಾರುಗಳಲ್ಲಿ ಬ್ರೇಕ್, ಆಕ್ಸಿಲರೇಟರ್ ಎರಡೂ ಒಟ್ಟಿಗೆ ಒತ್ತಿದರೆ ಬ್ರೇಕ್‌ನ ಮಾತೇ ನಡೆಯುತ್ತದೆ, ಅದೊಂದು ಸಮಾಧಾನ. ಆದರೆ ಬ್ರೇಕ್ ಲೈಟಿನ ಫ್ಯೂಸ್ ಹೋಗಿದ್ದರೆ ಡಬ್ಬಿಗೆ ಬ್ರೇಕ್ ಒತ್ತಿದ್ದು ಹೇಗೆ ಗೊತ್ತಾಗಬೇಕು? ಕಿಟ್ ಮಾರುವವರಿಗೆ ಈ ಪ್ರಶ್ನೆ ಹಾಕಿ ನೋಡಿ. ಉತ್ತರ ತಡವರಿಸಿದರೆ ಎದ್ದು ಬನ್ನಿ.

ಸ್ಟೀರಿಂಗ್ ಮೇಲಿನ ಬಟನ್ ಹಾಕುವುದರಲ್ಲೂ ಒಂದು ಅಪಾಯ ಇದೆ. ಚಾಲಕನ ಏರ್‌ಬ್ಯಾಗ್ ಕೂತಿರುವುದು ಅಲ್ಲೇ. ಅದನ್ನು ಬಿಚ್ಚುವ ಮುಂಚೆ ಬ್ಯಾಟರಿಯ ನೆಗೆಟಿವ್ ತೆಗೆದು ಕೆಲವು ನಿಮಿಷ ಕಾಯಬೇಕು. ಕಂಟ್ರೋಲ್ ಯೂನಿಟ್‌ನೊಳಗೆ ಉಳಿದ ಚಾರ್ಜ್ ಇಳಿಯಲು ಅಷ್ಟು ಸಮಯ ಬೇಕು. ಇಗ್ನಿಷನ್ ಆನ್ ಇರುವಾಗಲೇ ಪ್ಲಗ್ ಕಿತ್ತರೆ ಏರ್‌ಬ್ಯಾಗ್ ಲೈಟ್ ಬರುತ್ತದೆ, ಅದನ್ನು ಅಳಿಸಲು ಮತ್ತೆ ಸ್ಕ್ಯಾನರ್ ಬೇಕು. ಸ್ಟೀರಿಂಗ್ ಒಳಗೆ ಸುರುಳಿ ಸುತ್ತಿದ ರಿಬ್ಬನ್ ಕೇಬಲ್ ಇರುತ್ತದೆ, ಕ್ಲಾಕ್ ಸ್ಪ್ರಿಂಗ್ ಅಂತಾರೆ. ಹಾರ್ನ್, ಏರ್‌ಬ್ಯಾಗ್, ಆಡಿಯೊ ಬಟನ್ ಎಲ್ಲದರ ವೈರೂ ಅದರ ಮೂಲಕವೇ. ಕೆಳಗಿನ ವೇರಿಯಂಟ್‌ನ ಕ್ಲಾಕ್ ಸ್ಪ್ರಿಂಗ್‌ನಲ್ಲಿ ಕ್ರೂಸ್‌ಗೆ ಬೇಕಾದ ಎಳೆಯೇ ಇಲ್ಲದಿರಬಹುದು. ಬದಲಿಸುವಾಗ ಅದು ಸರಿಯಾಗಿ ಮಧ್ಯಕ್ಕೆ ಬರದಿದ್ದರೆ, ಪೂರ್ತಿ ಒಂದು ಕಡೆಗೆ ಸ್ಟೀರಿಂಗ್ ತಿರುಗಿಸಿದ ದಿನ ರಿಬ್ಬನ್ ಹರಿಯುತ್ತದೆ. ಅದರ ಜೊತೆ ಏರ್‌ಬ್ಯಾಗ್ ಸಂಪರ್ಕವೂ ಹೋಗುತ್ತದೆ. ಗುಜರಿಯಿಂದ ಬಟನ್ ಸೆಟ್ ತಂದರೆ ನನಗೆ ಅಷ್ಟು ತಕರಾರಿಲ್ಲ. ಗುಜರಿಯ ಏರ್‌ಬ್ಯಾಗ್ ಸಮೇತ ಇಡೀ ಸ್ಟೀರಿಂಗ್ ತಂದು ಹಾಕುವವರಿದ್ದಾರೆ. ಅದು ಬೇಡವೇ ಬೇಡ.

ಅಷ್ಟಕ್ಕೂ ಇರುವುದನ್ನು ಮಲಗಿಸಿಟ್ಟು ಮಾರುವುದು ಸರಿಯಾ? ದುಡ್ಡು ಕೊಟ್ಟು ತಂದ ಇಸಿಯು ನಮ್ಮದು, ಅದರೊಳಗಿನದೂ ನಮ್ಮದೇ ಅಲ್ವಾ ಎಂದು ಮಾಲೀಕರಿಗೆ ಅನ್ನಿಸುವುದು ಸಹಜ. ಕಂಪನಿಗಳ ವಾದ ಬೇರೆ. ಸಾಫ್ಟ್‌ವೇರ್ ತಯಾರಿಕೆಗೆ, ಪರೀಕ್ಷೆಗೆ ಖರ್ಚಾಗಿದೆ, ಅದನ್ನು ಮೇಲಿನ ವೇರಿಯಂಟ್ ಕೊಂಡವರು ಕೊಟ್ಟಿದ್ದಾರೆ ಎನ್ನುತ್ತವೆ. ಈ ವಾದದಲ್ಲಿ ಹುರುಳಿಲ್ಲ ಎನ್ನಲಾರೆ. ಆದರೆ ಅದನ್ನು ಎಲ್ಲಿಯವರೆಗೆ ಎಳೆದಿದ್ದಾರೆ ನೋಡಿ. 2022ರಲ್ಲಿ ಬಿಎಂಡಬ್ಲ್ಯು ಕೆಲವು ದೇಶಗಳಲ್ಲಿ ಕಾರಿನಲ್ಲಿ ಮೊದಲೇ ಇದ್ದ ಸೀಟ್ ಹೀಟರ್‌ಗೆ ತಿಂಗಳ ಬಾಡಿಗೆ ಕೇಳಿತು. ಬೈಗುಳ ತಿಂದು ಮರುವರ್ಷ ಕೈಬಿಟ್ಟಿತು. ಮರ್ಸಿಡಿಸ್ ಅಮೆರಿಕದಲ್ಲಿ ತನ್ನ ಎಲೆಕ್ಟ್ರಿಕ್ ಕಾರುಗಳ ಮೋಟಾರ್ ಇನ್ನಷ್ಟು ಚುರುಕಾಗಲು ವರ್ಷಕ್ಕೆ 1,200 ಡಾಲರ್ ಬೆಲೆ ಇಟ್ಟಿತು. ನಮ್ಮ ಮಿಡ್ ವೇರಿಯಂಟ್‌ನ ಮಲಗಿದ ಕ್ರೂಸ್ ಕಂಟ್ರೋಲ್ ಇದೇ ಯೋಚನೆಯ ಹಳೆಯ ರೂಪ. ಆಗ ಒಂದೇ ಸಲ ತಗೊಳ್ಳುತ್ತಿದ್ದರು, ಈಗ ಪ್ರತಿ ತಿಂಗಳು ಕೇಳುವ ಆಸೆ.

ಇನ್ನೊಂದು ಕಡೆಯಿಂದ ಬಾಗಿಲುಗಳೂ ಮುಚ್ಚುತ್ತಿವೆ. ಎಂಟನೇ ತಲೆಮಾರಿನ ಗಾಲ್ಫ್‌ನಿಂದ ಫೋಕ್ಸ್‌ವ್ಯಾಗನ್ ಹೊಸ ಬೀಗ ತಂದಿದೆ. ಮಾಡ್ಯೂಲ್‌ನ ಕೋಡಿಂಗ್ ಬದಲಿಸಬೇಕಾದರೆ ಕಂಪನಿಯ ಸರ್ವರ್‌ನಿಂದ ಅನುಮತಿ ಬರಬೇಕು. ಲ್ಯಾಪ್‌ಟಾಪ್ ಮತ್ತು 11463ರ ಕಾಲ ಅಲ್ಲಿಗೆ ಮುಗಿಯಿತು. ಇದಕ್ಕೆ ಕಾರಣ ಬರೀ ದುರಾಸೆ ಅಲ್ಲ. ವಿಶ್ವಸಂಸ್ಥೆಯ ಆರ್155 ಎಂಬ ಸೈಬರ್ ಸುರಕ್ಷತಾ ನಿಯಮ ಯುರೋಪಿನಲ್ಲಿ 2024ರ ಜುಲೈನಿಂದ ಎಲ್ಲ ಹೊಸ ಕಾರುಗಳಿಗೂ ಅನ್ವಯವಾಗಿದೆ. ಹೊರಗಿನವರು ಕಾರಿನ ಕಂಪ್ಯೂಟರ್‌ಗೆ ಕೈಹಾಕದಂತೆ ತಡೆಯುವ ಹೊಣೆ ಕಂಪನಿಯದ್ದು. ಕಳ್ಳನನ್ನು ತಡೆಯಲು ಹಾಕಿದ ಬೀಗ ಮಾಲೀಕನನ್ನೂ ಹೊರಗೆ ನಿಲ್ಲಿಸುತ್ತದೆ.

ನಮ್ಮ ದೇಶದಲ್ಲಿ ಈ ವಿಷಯಕ್ಕೆ ಹತ್ತಿರ ಬಂದ ದೊಡ್ಡ ತೀರ್ಪು 2014ರ ಆಗಸ್ಟ್‌ನದು. ಬಿಡಿಭಾಗಗಳನ್ನೂ ಡಯಾಗ್ನೋಸ್ಟಿಕ್ ಸಾಧನಗಳನ್ನೂ ಹೊರಗಿನ ಗ್ಯಾರೇಜ್‌ಗಳಿಗೆ ಸಿಗದಂತೆ ಮಾಡಿದ್ದಾರೆ ಎಂದು ಭಾರತೀಯ ಸ್ಪರ್ಧಾ ಆಯೋಗ 14 ಕಾರು ಕಂಪನಿಗಳಿಗೆ ಒಟ್ಟು 2,544 ಕೋಟಿ ರೂಪಾಯಿಗೂ ಹೆಚ್ಚು ದಂಡ ಹಾಕಿತು. ಹೊರಗೆ ರಿಪೇರಿ ಮಾಡಿಸಿದ ಮಾತ್ರಕ್ಕೆ ಇಡೀ ವಾರಂಟಿ ರದ್ದು ಎನ್ನುವಂತಿಲ್ಲ ಎಂದೂ ಹೇಳಿತು. ಕಂಪನಿಗಳು ಮೇಲ್ಮನವಿ ಹಾಕಿದವು. 2022ರ ಡಿಸೆಂಬರ್‌ನಲ್ಲಿ ಕೇಂದ್ರ ಗ್ರಾಹಕ ವ್ಯವಹಾರಗಳ ಇಲಾಖೆ ರಿಪೇರಿ ಹಕ್ಕಿನ ಪೋರ್ಟಲ್ ತೆರೆಯಿತು, ಅದರಲ್ಲಿ ವಾಹನಗಳೂ ಸೇರಿವೆ. ಆದರೆ ಇದೆಲ್ಲ ರಿಪೇರಿಯ ಹಕ್ಕು. ಇಲ್ಲದ ಸೌಲಭ್ಯವನ್ನು ಎಬ್ಬಿಸಿಕೊಳ್ಳುವ ಹಕ್ಕಿಗೆ ಇದು ನೇರವಾಗಿ ಸಾಲುವುದಿಲ್ಲ. ಕ್ರೂಸ್ ಹಾಕಿಸಿದ ಮೇಲೆ ಸ್ಟೀರಿಂಗ್ ವೈರಿಂಗ್‌ನಲ್ಲಿ ತೊಂದರೆ ಬಂದರೆ ಕಂಪನಿ ಕೈ ಎತ್ತಿದರೆ ಜಗಳ ಆಡಲು ನಿಮ್ಮ ಹತ್ತಿರ ಹೆಚ್ಚು ಬಲ ಇರುವುದಿಲ್ಲ. ಎಸಿ ಕೆಟ್ಟರೆ ಮಾತ್ರ ಆ ನೆಪ ಹೇಳಲು ಬಿಡಬೇಡಿ.

ಕಾನೂನು? ಮೋಟಾರು ವಾಹನ ಕಾಯ್ದೆಯ 52ನೇ ಕಲಂ ಪ್ರಕಾರ, ಆರ್‌ಸಿಯಲ್ಲಿರುವ ವಿವರ ತಯಾರಕರು ಮೂಲದಲ್ಲಿ ಕೊಟ್ಟ ವಿವರಕ್ಕಿಂತ ಬೇರೆಯಾಗುವಂತೆ ವಾಹನ ಬದಲಿಸಬಾರದು. 2019ರ ಜನವರಿಯಲ್ಲಿ ಕೇರಳದ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಗಿಯಾಗಿಯೇ ಓದಿತು. ಅದೇ ವರ್ಷದ ತಿದ್ದುಪಡಿಯಲ್ಲಿ, ಅನುಮತಿ ಇಲ್ಲದ ಭಾಗಗಳನ್ನು ಅಳವಡಿಸಿದ ಮಾಲೀಕರಿಗೆ ಆರು ತಿಂಗಳ ತನಕ ಜೈಲು ಅಥವಾ ಪ್ರತಿ ಬದಲಾವಣೆಗೆ 5,000 ರೂಪಾಯಿ ದಂಡ, ಅಥವಾ ಎರಡೂ, ಎಂದು ಸೇರಿತು. ಆರ್‌ಸಿಯಲ್ಲಿ ಕ್ರೂಸ್ ಕಂಟ್ರೋಲ್‌ಗೆ ಕಾಲಂ ಇಲ್ಲ. ಅದೇ ಮಾಡೆಲ್‌ಗೆ ಕಂಪನಿಯೇ ತಯಾರಿಸಿದ ಸ್ವಿಚ್ ಹಾಕಿದರೆ ಆರ್‌ಟಿಒ ಅಧಿಕಾರಿ ತಕರಾರು ತೆಗೆಯುವ ಸಾಧ್ಯತೆ ಕಡಿಮೆ ಎಂದು ನನ್ನ ಅಂದಾಜು. ನಿಜವಾದ ಪರೀಕ್ಷೆ ಆಗುವುದು ಅಪಘಾತದ ನಂತರ, ವಿಮೆಯವರ ಮುಂದೆ. ಪೆಡಲ್ ವೈರ್ ಕತ್ತರಿಸಿ ಡಬ್ಬಿ ಹಾಕಿದ್ದು ಸರ್ವೇಯರ್ ಕಣ್ಣಿಗೆ ಬಿದ್ದರೆ ಪ್ರಶ್ನೆ ಏಳುತ್ತದೆ. ಅದಕ್ಕೇ ಪಾಲಿಸಿ ಮಾಡಿಸುವಾಗ ಅಥವಾ ಹಾಕಿಸಿದ ತಕ್ಷಣ ಬರಹದಲ್ಲಿ ತಿಳಿಸುವುದು ಜಾಣತನ.

ಇಷ್ಟೆಲ್ಲ ಮಾಡಿ ಅದನ್ನು ಬಳಸುವುದೆಲ್ಲಿ? ಊರೊಳಗಂತೂ ಅಲ್ಲ. ಸಾಮಾನ್ಯವಾಗಿ 30–40 ಕಿಲೋಮೀಟರ್ ವೇಗದ ಕೆಳಗೆ ಕ್ರೂಸ್ ಹಿಡಿಯುವುದೇ ಇಲ್ಲ. ಶಿರಾಡಿ, ಚಾರ್ಮಾಡಿಯಲ್ಲಿ ಅದರ ನೆನಪೂ ಬೇಡ. ಮಳೆಯಲ್ಲೂ ಬೇಡ. ನೀರಿನ ಮೇಲೆ ಟೈರ್ ತೇಲಿದಾಗ ಕಾಲು ಪೆಡಲ್ ಮೇಲಿದ್ದರೆ ಅದು ಮೊದಲು ನಿಮಗೆ ಗೊತ್ತಾಗುತ್ತದೆ, ಕ್ರೂಸ್‌ನಲ್ಲಿದ್ದರೆ ತಡವಾಗುತ್ತದೆ. ಗಂಟೆಗೆ 100ರಲ್ಲಿ ಕಾರು ಸೆಕೆಂಡಿಗೆ ಸುಮಾರು 28 ಮೀಟರ್ ಓಡುತ್ತದೆ. ಆರಾಮಾಗಿ ಮಡಚಿಟ್ಟ ಕಾಲನ್ನು ಬ್ರೇಕ್‌ಗೆ ತರುವಷ್ಟರಲ್ಲಿ ರಸ್ತೆಗೆ ನುಗ್ಗಿದ ಎಮ್ಮೆ ಕಾಯುತ್ತಾ ನಿಲ್ಲುವುದಿಲ್ಲ.

ನನಗೆ ಕಾಣುವ ನಿಜವಾದ ಉಪಯೋಗ ಕಾಲುನೋವಿಗಿಂತ ವೇಗದ ಶಿಸ್ತು. ಬೆಂಗಳೂರು–ಮೈಸೂರು ಹೆದ್ದಾರಿ ನೋಡಿ. 118 ಕಿಲೋಮೀಟರ್‌ನ ಈ ರಸ್ತೆ 2023ರ ಮಾರ್ಚ್‌ನಲ್ಲಿ ಉದ್ಘಾಟನೆಯಾಯಿತು. ಅಪಘಾತಗಳು ಹೆಚ್ಚಾದ ಮೇಲೆ ಅದೇ ಆಗಸ್ಟ್‌ನಿಂದ ಬೈಕ್, ಆಟೊ, ಟ್ರ್ಯಾಕ್ಟರ್‌ಗಳನ್ನು ಮುಖ್ಯ ರಸ್ತೆಯಿಂದ ಹೊರಗಿಟ್ಟರು. ವೇಗದ ಮಿತಿ 100. ಕ್ಯಾಮೆರಾ ಕಣ್ಣು ಕಂಬದ ಮೇಲೆ. 2024ರ ಆಗಸ್ಟ್‌ನಿಂದ ರಾಜ್ಯದಲ್ಲಿ 130 ದಾಟಿದರೆ ಎಫ್‌ಐಆರ್. ಅಗಲವಾದ ಖಾಲಿ ರಸ್ತೆಯಲ್ಲಿ ಮಾತಾಡುತ್ತಾ ಹೋದರೆ ಮುಳ್ಳು ಯಾವಾಗ 120 ಮುಟ್ಟಿತು ಎಂದು ತಿಳಿಯುವುದೇ ಇಲ್ಲ. 2019ರ ಜುಲೈ ನಂತರದ ಕಾರುಗಳಲ್ಲಿ 80 ದಾಟಿದರೆ ಆಗಾಗ ಬೀಪ್, 120 ದಾಟಿದರೆ ಒಂದೇ ಸಮನೆ ಬೀಪ್ ಬರುತ್ತದೆ, ನಿಜ. ಆದರೆ ಆ ಬೀಪ್ ಬಾಯಿ ಮುಚ್ಚಿಸುವುದು ಹೇಗೆ ಎಂದು ಕೇಳುವವರೇ ಗ್ಯಾರೇಜಿನಲ್ಲಿ ಸಿಗುತ್ತಾರೆ! ಕ್ರೂಸ್ 90ಕ್ಕೆ ಇಟ್ಟರೆ ಕಾರು 90ರಲ್ಲೇ ಇರುತ್ತದೆ. ಇಂಧನದ ಲೆಕ್ಕವೂ ಇದೆ. ಗಾಳಿಯ ತಡೆ ವೇಗದ ವರ್ಗದಂತೆ ಏರುತ್ತದೆ. 80ಕ್ಕಿಂತ 100ರಲ್ಲಿ ಅದು ಒಂದೂವರೆ ಪಟ್ಟಿಗೂ ಸ್ವಲ್ಪ ಜಾಸ್ತಿ. ಉಳಿತಾಯ ಬರುವುದು ನೀವು ಆರಿಸಿದ ವೇಗದಿಂದ. ಕ್ರೂಸ್ ಆ ವೇಗವನ್ನು ಕಾಯುತ್ತದೆ, ಅಷ್ಟೇ. ಏರಿಳಿತದ ದಾರಿಯಲ್ಲಿ ಪಳಗಿದ ಕಾಲೇ ಅದಕ್ಕಿಂತ ಮೇಲು.

ಮುಂದಿನ ವಾಹನ ನೋಡಿ ತಾನೇ ವೇಗ ಇಳಿಸುವ ರೇಡಾರ್ ಕ್ರೂಸ್ ಹಾಕಿಕೊಡುತ್ತೇವೆ ಎನ್ನುವವರೂ ಈಗ ಹುಟ್ಟಿಕೊಂಡಿದ್ದಾರೆ. ಅದು ಬ್ರೇಕನ್ನೂ ತಾನೇ ಹಾಕುವ ವ್ಯವಸ್ಥೆ. ರೇಡಾರ್ ಮತ್ತು ಕ್ಯಾಮೆರಾ ಎರಡನ್ನೂ ಅಳತೆ ಮಾಡಿ ಹೊಂದಿಸಬೇಕು. ಬಂಪರ್ ಒಳಗಿನ ರೇಡಾರ್ ಒಂದೆರಡು ಡಿಗ್ರಿ ವಾಲಿದರೂ ಪಕ್ಕದ ಲೇನಿನ ಲಾರಿಗೆ ಬ್ರೇಕ್ ಹಾಕಬಹುದು. ಅದರ ಬಗ್ಗೆ ಬರೆಯಲು ಬೇರೇನೂ ಇಲ್ಲ, ಹಾಕಿಸಬೇಡಿ.

ಸಾದಾ ಕ್ರೂಸ್‌ಗೆ ನನ್ನ ಲೆಕ್ಕ ಹೀಗಿದೆ. ನಿಮ್ಮ ಮಾಡೆಲ್‌ನ ಮೇಲಿನ ವೇರಿಯಂಟ್‌ನಲ್ಲಿ ಇದೇ ಎಂಜಿನ್, ಇದೇ ಗೇರ್‌ಬಾಕ್ಸ್ ಜೊತೆ ಕ್ರೂಸ್ ಇದೆ. ಬ್ರೇಕ್ ಸ್ವಿಚ್ ಎರಡು ಸಂಪರ್ಕದ್ದು. ಕ್ಲಚ್ ಸ್ವಿಚ್ ಇದೆ. ಬೇಕಾಗಿರುವುದು ಕಂಪನಿಯ ಬಟನ್ ಮತ್ತು ಕೋಡಿಂಗ್ ಮಾತ್ರ. ಹಾಗಿದ್ದರೆ ಹಾಕಿಸಬಹುದು, ವಾರಂಟಿ ಮುಗಿದ ಮೇಲಾದರೆ ಇನ್ನೂ ನೆಮ್ಮದಿ. ವೈರ್ ಕತ್ತರಿಸಬೇಕು ಎಂದರೆ ಬೇಡ. ಮೊದಲು ಡೀಲರ್ ಹತ್ತಿರ ಕೇಳುವುದೂ ಒಳ್ಳೆಯದು. ಸ್ಕೋಡಾ ಯುರೋಪಿನಲ್ಲಿ ಕ್ರೂಸ್ ಕಿಟ್ಟನ್ನು ತನ್ನದೇ ಆಕ್ಸೆಸರಿಯಾಗಿ ಮಾರಿದ್ದುಂಟು. ಇಲ್ಲಿನ ಕಂಪನಿಗಳು ಸೀಟ್ ಕವರ್, ಮಡ್ ಫ್ಲ್ಯಾಪ್ ಮಾರುವಷ್ಟೇ ಉತ್ಸಾಹದಿಂದ ಇದನ್ನೂ ಮಾರಿದರೆ ಅರ್ಧ ಸಮಸ್ಯೆ ಇರುವುದೇ ಇಲ್ಲ.

ಕೆಲಸ ಮುಗಿದ ಮೇಲೆ ಹಣ ಕೊಡುವ ಮುಂಚೆ ಸ್ಕ್ಯಾನರ್‌ನಲ್ಲಿ ಲೈವ್ ಡೇಟಾ ತೋರಿಸಲು ಹೇಳಿ. ಹಳೆಯ ಫೋಕ್ಸ್‌ವ್ಯಾಗನ್ ಡೀಸೆಲ್‌ಗಳಲ್ಲಾದರೆ ಕ್ರೂಸ್‌ನ ಅಂಕೆಗಳು ಸ್ಕ್ಯಾನರ್‌ನ 006ನೇ ಗುಂಪಿನಲ್ಲಿ, ಪೆಟ್ರೋಲ್‌ನಲ್ಲಿ 066ರಲ್ಲಿ ಕಾಣುತ್ತವೆ. ಬ್ರೇಕ್ ಮೆಲ್ಲಗೆ ತಾಗಿಸಿ, ಅಂಕೆ ಬದಲಾಗಬೇಕು. ಕ್ಲಚ್ ಒತ್ತಿ, ಬದಲಾಗಬೇಕು. ಮತ್ತೆ ಗ್ಯಾರೇಜಿನವರನ್ನೇ ಪಕ್ಕದಲ್ಲಿ ಕೂರಿಸಿಕೊಂಡು ಖಾಲಿ ರಸ್ತೆಗೆ ಹೋಗಿ 60ಕ್ಕೆ ಕ್ರೂಸ್ ಇಡಿ. ಬ್ರೇಕ್ ಹಿಡಿಯುವುದಕ್ಕೂ ಮುಂಚೆಯೇ, ಪೆಡಲ್ ಸ್ವಲ್ಪ ಅಲುಗಿದಾಗಲೇ ಅದು ಬಿಡಬೇಕು. ಇನ್ನೊಮ್ಮೆ ಇಟ್ಟು ಕ್ಲಚ್ ಒತ್ತಿ. ಎಂಜಿನ್ ಸದ್ದು ಇಳಿಯಬೇಕು. ಏರಿದರೆ ತಕ್ಷಣ ಆಫ್ ಬಟನ್ ಒತ್ತಿ, ಗಾಡಿಯನ್ನು ವಾಪಸ್ ಗ್ಯಾರೇಜಿಗೆ ತಿರುಗಿಸಿ, ಹಾಕಿದ್ದನ್ನೆಲ್ಲ ಬಿಚ್ಚಿಸಿಕೊಂಡೇ ಮನೆಗೆ ಬನ್ನಿ.